ಚುಕ್ಕಿ ಆಟದ ಲೆಕ್ಕಾಚಾರ

ಶಿಕಾರಿಪುರದಿಂದ ಶಿರಾಳಕೊಪ್ಪದ ಮೇಲೆ ಸೊರಬಕ್ಕೆ ಹೋಗುವ ಬಸ್ಸಿನಲ್ಲಿ ನಾವು ಹುಡುಗರು ನೋಟ್‌ಬುಕ್ಕಿನ ಕೊನೆಯ ಹಾಳೆಯಲ್ಲಿ ಚುಕ್ಕಿ ಆಟ ಆಡುತ್ತಿದ್ದೆವು. ಸರದಿಯಂತೆ ಎರಡು ಚುಕ್ಕಿಗಳ ನಡುವೆ ಗೆರೆ ಎಳೆಯಬೇಕು. ಚೌಕದ ನಾಲ್ಕನೆಯ ಗೆರೆ ಎಳೆದವನಿಗೆ ಆ ಮನೆ, ಆದರೆ ಅವನೇ ಮತ್ತೊಂದು ಗೆರೆ ಎಳೆಯಬೇಕು. ಹಾಳೆ ಹಾಳುಮಾಡಿದೆವೆಂದು ಮೇಷ್ಟರು ಕಿವಿ ಹಿಂಡಿದ್ದೂ ಉಂಟು.

ಆ ಹಾಳೆಯಲ್ಲಿದ್ದುದು ಗಣಿತವೇ ಎಂದು ನನಗೆ ತಿಳಿದದ್ದು ತಡವಾಗಿ. ಫ್ರಾನ್ಸಿನ ಗಣಿತಜ್ಞ ಎಡ್ವರ್ಡ್ ಲ್ಯೂಕಾ 1889ರಲ್ಲೇ ಈ ಆಟವನ್ನು ಪ್ರಕಟಿಸಿದ್ದರು. ಅದರ ಗುಟ್ಟನ್ನು ಆಳವಾಗಿ ಶೋಧಿಸಿದವರು ಅಮೆರಿಕದ ಎಲ್ವಿನ್ ಬರ್ಲೆಕ್ಯಾಂಪ್. ಕಾನ್ವೇ ಮತ್ತು ಗೈ ಅವರೊಡನೆ 1982ರಲ್ಲಿ ಹೊರತಂದ ‘ವಿನ್ನಿಂಗ್ ವೇಸ್’ ಗ್ರಂಥದಲ್ಲಿ ಅದರ ವಿವರಣೆಯಿದೆ.

ಕೊನೆಯಲ್ಲಿ ನಾಲ್ಕು ನಾಲ್ಕು ಮನೆಗಳ ಎರಡು ಸಾಲು ಮಾತ್ರ ಉಳಿದಿವೆ ಎನ್ನಿ. ಎದುರಾಳಿ ಒಂದರ ಬಾಗಿಲು ತೆರೆದ. ನಾಲ್ಕನ್ನೂ ಬಾಚಿಕೊಂಡರೆ ಇನ್ನೊಂದನ್ನು ನೀವೇ ತೆರೆಯಬೇಕು; 4–4 ಸಮ. ಬದಲಿಗೆ ಎರಡು ಮನೆ ತೆಗೆದುಕೊಂಡು, ಸಾಲಿನ ತುದಿಯನ್ನು ಗೆರೆಯಿಂದ ಮುಚ್ಚಿ, ಉಳಿದೆರಡನ್ನು ಬಿಟ್ಟುಕೊಡಿ. ಅವನು ಒಂದೇ ಗೆರೆಯಿಂದ ಎರಡನ್ನೂ ಪಡೆದು, ಮತ್ತೆ ಆಡಲೇಬೇಕಾಗಿ ಇನ್ನೊಂದು ಸಾಲನ್ನು ತೆರೆಯುತ್ತಾನೆ. ನಿಮಗೆ 6, ಅವನಿಗೆ 2.

ಬಸ್ಸಿನಲ್ಲಿ ಸದಾ ಸೋಲುತ್ತಿದ್ದ ನನಗೆ ಗೊತ್ತಿಲ್ಲದಿದ್ದುದು ಇಷ್ಟೇ: ಸಿಕ್ಕಿದ್ದನ್ನೆಲ್ಲ ಬಾಚಬಾರದು. ವಿದ್ಯಾರ್ಥಿ ಮಿತ್ರರೇ, ಒಂದು ಹಾಳೆ ತೆಗೆದು ನೀವೇ ಪರೀಕ್ಷಿಸಿ ನೋಡಿ.