ಕಲಾರಿ ತೀರದ ಸ್ವಾಭಿಮಾನ

ಶ್ರೀರಂಗಪಟ್ಟಣದ ಪತನವನ್ನು ಇಂದಿಗೂ ವ್ಯಥೆಯಿಂದ ಸ್ಮರಿಸುವ ನಾವು, 1799ರ ಆ ಮುತ್ತಿಗೆಯಲ್ಲಿ ಪಾಲ್ಗೊಂಡಿದ್ದ ಲಾಕ್ಲನ್ ಮಕ್ವಾರಿಯೆಂಬ ಬ್ರಿಟಿಷ್ ಸೇನಾಧಿಕಾರಿಯ ಮುಂದಿನ ಚರಿತವನ್ನೂ ಅರಿಯತಕ್ಕದ್ದು. 1810ರಲ್ಲಿ ಆತ ಆಸ್ಟ್ರೇಲಿಯದ ನ್ಯೂ ಸೌತ್ ವೇಲ್ಸ್ ವಸಾಹತಿನ ಗವರ್ನರನಾದನು. 1815ರಲ್ಲಿ ಪರ್ವತಶ್ರೇಣಿಯನ್ನು ದಾಟಿ ವಿರಾಡ್ಜುರಿ ಜನಾಂಗದ ನಾಡನ್ನು ಹೊಕ್ಕು ಬ್ಯಾಥರ್ಸ್ಟ್ ಪಟ್ಟಣವನ್ನು ಘೋಷಿಸಿದನು. ಆ ಜನ ಕಲಾರಿಯೆಂದು ಕರೆದು ಬಾಳಿದ ನದಿಗೆ ಅದೇ ವರ್ಷ ಲಾಕ್ಲನ್ ಎಂಬ ಅವನ ಹೆಸರೇ ಬಿದ್ದಿತು. ಕಾವೇರಿಯ ದಡದ ಶ್ರೀರಂಗಪಟ್ಟಣದಲ್ಲಿ, ಆ ಪತನಕ್ಕೂ ಮುನ್ನ 1792ರಲ್ಲಿ, ಎಷ್ಟೇ ಕ್ರೂರವಾಗಿರಲಿ, ಒಂದು ಒಡಂಬಡಿಕೆ ಲಿಖಿತವಾಗಿತ್ತು. ಸೋತ ಅರಸನನ್ನು ಅರಸನೆಂದೇ ಮನ್ನಿಸಲಾಗಿತ್ತು. ಕಲಾರಿಯ ದಡದಲ್ಲಿ ಅಷ್ಟೂ ಇರಲಿಲ್ಲ. ಸಹಸ್ರಾರು ವರ್ಷ ಮನುಷ್ಯರು ಬಾಳಿದ ಭೂಮಿಯನ್ನು ಸಾಮ್ರಾಜ್ಯವು ನಿರ್ವಾರಸು ನೆಲದಂತೆ ಕಬಳಿಸಿತು. 1824ರಲ್ಲಿ ವಿರಾಡ್ಜುರಿ ವೀರ ವಿಂಡ್ರಡೈನ್ ಸಮರಕ್ಕಿಳಿದನು. ಗವರ್ನರ್ ಬ್ರಿಸ್ಬೇನ್ ಸೇನಾಶಾಸನವನ್ನು ಸಾರಿದನು. ರಕ್ತ ಹರಿಯಿತು, ಸಂಧಿಯಾಗಲಿಲ್ಲ.

ಶತಮಾನವೊಂದು ಉರುಳಿದ ಮೇಲೆ, 1933ರಲ್ಲಿ, ಅದೇ ನದೀತೀರದ ಕಾಂಡೋಬೊಲಿನ್‌ನಲ್ಲಿ ವಿರಾಡ್ಜುರಿ ತಾಯಿಯ ಮಗನಾಗಿ ಕೆವಿನ್ ಗಿಲ್ಬರ್ಟ್ ಜನಿಸಿದನು. ಏಳರ ಪ್ರಾಯದಲ್ಲೇ ತಂದೆತಾಯಿಗಳನ್ನು ಕಳೆದುಕೊಂಡನು. 1957ರಲ್ಲಿ ಪತ್ನಿಯ ಹತ್ಯೆಗಾಗಿ ಜೀವಾವಧಿ ಶಿಕ್ಷೆಗೆ ಗುರಿಯಾದನು. ಆ ಘೋರ ಕೃತ್ಯವನ್ನು ಯಾವ ಕೀರ್ತಿಯೂ ಅಳಿಸಲಾರದು, ಇತಿಹಾಸಕಾರನು ಮುಚ್ಚಿಡಲೂ ಸಲ್ಲದು. ಹದಿನಾಲ್ಕು ವರ್ಷಗಳ ಕಾರಾವಾಸದಲ್ಲಿ ಅಕ್ಷರವೂ ಕಲೆಯೂ ಅವನಿಗೆ ಒಲಿದವು. ಸೆರೆಮನೆಯ ನೆಲಹಾಸಿನ ಲಿನೋಲಿಯಂ ತುಂಡೇ ಫಲಕ. ಚಮಚ, ಮೊಳೆ, ಬ್ಲೇಡುಗಳೇ ಉಳಿ. ಹೀಗೆ ಕೊರೆದ ಅಚ್ಚುಗಳಿಂದ ತನ್ನ ಕುಲದ ಕಥೆಗಳನ್ನು ಮುದ್ರಿಸಿ, ಆಸ್ಟ್ರೇಲಿಯದ ಮೂಲನಿವಾಸಿ ಮುದ್ರಣಚಿತ್ರಕಾರರಲ್ಲಿ ಅಗ್ರಗಣ್ಯನಾದನು. ಅಲ್ಲೇ ರಚಿಸಿದ ‘ದಿ ಚೆರ್ರಿ ಪಿಕರ್ಸ್’ ನಾಟಕವು ಅವನು ಬಿಡುಗಡೆಯಾದ 1971ರಲ್ಲಿಯೇ ರಂಗವೇರಿತು.

ಮುಂದಿನ ವರ್ಷ ಜನವರಿ 26ರಂದು ನಾಲ್ವರು ಮೂಲನಿವಾಸಿ ತರುಣರು ಕ್ಯಾನ್‌ಬೆರಾದ ಸಂಸತ್ ಭವನದೆದುರು ಛತ್ರಿಯೊಂದನ್ನು ನೆಟ್ಟು, ಸ್ವಂತ ನಾಡಿನಲ್ಲೇ ಪರಕೀಯರಾದವರ ‘ಡೇರೆ ರಾಯಭಾರ ಕಚೇರಿ’ಯನ್ನು ಸ್ಥಾಪಿಸಿದರು. ಆ ಡೇರೆಯ ಹೋರಾಟಕ್ಕೆ ಗಿಲ್ಬರ್ಟನ ಲೇಖನಿಯೂ ವಾಣಿಯೂ ಬಲವಾದವು. 1988ರಲ್ಲಿ ರಾಷ್ಟ್ರವು ವಸಾಹತಿನ ದ್ವಿಶತಮಾನೋತ್ಸವದಲ್ಲಿ ಮೈಮರೆತಾಗ, ಆತ ‘ಟ್ರೀಟಿ 88’ ಆಂದೋಲನದ ಅಧ್ಯಕ್ಷನಾಗಿ ಒಂದೇ ವಾದವನ್ನು ಮುಂದಿಟ್ಟನು: ನಾವು ಸಾರ್ವಭೌಮತ್ವವನ್ನು ಎಂದೂ ಬಿಟ್ಟುಕೊಟ್ಟಿಲ್ಲ, ಆದ್ದರಿಂದ ಎರಡು ಸಾರ್ವಭೌಮ ಜನಾಂಗಗಳ ನಡುವೆ ನಡೆಯುವಂತೆ ನಮ್ಮೊಡನೆ ಸಂಧಿ ನಡೆಯಲಿ. ಅದೇ ವರ್ಷ ಸಾಹಿತ್ಯಕ್ಕಾಗಿ ಒಲಿದುಬಂದ ಮಾನವ ಹಕ್ಕುಗಳ ಪ್ರಶಸ್ತಿಯನ್ನು, ತನ್ನ ಜನರಿಗೆ ಆ ಹಕ್ಕುಗಳೇ ದೊರೆಯದಿರುವಾಗ, ಸ್ವೀಕರಿಸಲೊಲ್ಲದೆ ಹೋದನು.

1992ರಲ್ಲಿ ಮೂಲನಿವಾಸಿಗಳ ಭೂಹಕ್ಕಿನ ಮಾಬೊ ಮೊಕದ್ದಮೆಯ ತೀರ್ಪು ನಿರ್ವಾರಸು ನೆಲದ ಸಿದ್ಧಾಂತವನ್ನು ತಳ್ಳಿಹಾಕಿತು. ಬ್ರಿಟಿಷ್ ಕಿರೀಟದ ಸಾರ್ವಭೌಮತ್ವವನ್ನು ಮಾತ್ರ ಪ್ರಶ್ನಿಸಲಿಲ್ಲ. 1993ರಲ್ಲಿ ಗಿಲ್ಬರ್ಟ್ ಅಸ್ತಂಗತನಾದಾಗ ಅವನು ಬೇಡಿದ ಸಂಧಿಪತ್ರ ಸಿದ್ಧವಾಗಿರಲಿಲ್ಲ. ಆದರೂ ಅವನ ಬದುಕು ಒಂದು ಸತ್ಯವನ್ನು ಸ್ಥಾಪಿಸಿತು: ರಾಜ್ಯವನ್ನು ಶಸ್ತ್ರದಿಂದ ಕಸಿಯಬಹುದು, ಅದರ ಒಡೆತನಕ್ಕೆ ಕಳೆದುಕೊಂಡವರ ಸಮ್ಮತಿಯೇ ಬೇಕು. ಆ ಸಮ್ಮತಿಯನ್ನು ಕೇಳದೆ ಕಟ್ಟಿದ ಪ್ರಭುತ್ವವು ಎಷ್ಟೇ ಶತಮಾನ ಬಾಳಿದರೂ ಉತ್ತರ ಕೊಡಬೇಕಾದ ಋಣದಲ್ಲೇ ಇರುತ್ತದೆ.