ಮಾಯಿ-ಬಾಪ್ ಮತ್ತು ದೊಡ್ಡಣ್ಣ

ದೆಹಲಿಯ ಗಡಿ ದಾಟಿದರೆ ನಮ್ಮ ಇಂದಿರಾಪುರಂ. ಇಲ್ಲಿನ ಹಿಂದಿಯಲ್ಲಿ ನನಗೆ ಬಹಳ ಕುತೂಹಲ ಹುಟ್ಟಿಸಿದ ಮಾತು 'ಮಾಯಿ-ಬಾಪ್'. ತಾಯಿ-ತಂದೆ ಎಂದರ್ಥ. ಆದರೆ ಹೇಳುವುದು ಹೆತ್ತವರಿಗಲ್ಲ, ಸಾಹೇಬರಿಗೆ, ಸರ್ಕಾರಕ್ಕೆ! "ನಿಮ್ಮ ಒಳ್ಳೆಯದು ನಿಮಗಿಂತ ನಮಗೇ ಚೆನ್ನಾಗಿ ಗೊತ್ತು" ಎನ್ನುವ ಆಡಳಿತಕ್ಕೆ ಈಗಲೂ 'ಮಾಯಿ-ಬಾಪ್ ಸರ್ಕಾರ್' ಎಂದೇ ಅಡ್ಡಹೆಸರು.

ಮಾತು ಹಳೆಯದು. ಯೂಲ್ ಮತ್ತು ಬರ್ನೆಲ್ ಸೇರಿ ಮಾಡಿದ ಹಾಬ್ಸನ್-ಜಾಬ್ಸನ್ ನಿಘಂಟಿನಲ್ಲೂ ಇದೆ. ಜನ ಇದನ್ನು ಬಳಸುತ್ತಿದ್ದ ಸಂದರ್ಭ ಮೂರು ಎನ್ನುತ್ತದೆ ಅದು: ನೆರವು ಕೇಳುವಾಗ, ದಂಡನೆ ತಪ್ಪಿಸಿಕೊಳ್ಳುವಾಗ, ಕೊಟ್ಟ ಅಪ್ಪಣೆ ಪಾಲಿಸಲು ಮನಸ್ಸಿಲ್ಲದಾಗ. ಮೂರನೆಯದನ್ನು ಗಮನಿಸಿ. ಕೈಮುಗಿದುಕೊಂಡೇ 'ಆಗಲ್ಲ' ಎನ್ನುವ ದಾರಿ ಅದು!

ಮೈಸೂರಿನ ಕಥೆಯನ್ನೇ ನೋಡಿ. ನಗರ ದಂಗೆಯ ನಂತರ, ಆಡಳಿತ ಕೆಟ್ಟಿದೆ ಎಂದು 1831ರಲ್ಲಿ ಬ್ರಿಟಿಷರು ರಾಜ್ಯವನ್ನು ತಮ್ಮ ಕೈಗೆ ತೆಗೆದುಕೊಂಡರು. ಮುಮ್ಮಡಿ ಕೃಷ್ಣರಾಜ ಒಡೆಯರಿಗೆ ಆಗ 37 ವರ್ಷ. ಬೆಳೆದ ದೊರೆಯನ್ನು ಮೈನರ್ ಹುಡುಗನಂತೆ ಪಕ್ಕಕ್ಕೆ ಕೂರಿಸಿದರು. ಅವರು ಮತ್ತೆ ಮತ್ತೆ ಕೇಳಿಕೊಂಡರೂ ರಾಜ್ಯ ಕೈಗೆ ಬರಲಿಲ್ಲ, 1868ರಲ್ಲಿ ತೀರಿಕೊಂಡರು. ದತ್ತುಪುತ್ರ ಚಾಮರಾಜೇಂದ್ರರಿಗೆ 18 ತುಂಬಿದ ಮೇಲೆ, 1881ರ ಮಾರ್ಚ್ 25ರಂದು ರಾಜ್ಯ ಹಿಂದಿರುಗಿತು. ಸುಮಾರು 50 ವರ್ಷದ 'ಪೋಷಕತನ'! ಹಿಂದಿರುಗಿಸುವಾಗಲೂ ವಾರ್ಷಿಕ ಕಪ್ಪವನ್ನು 24.5 ಲಕ್ಷದಿಂದ 35 ಲಕ್ಷ ರೂಪಾಯಿಗೆ ಏರಿಸುವ ಷರತ್ತು ಹಾಕಿದ್ದರು.

ಕನ್ನಡದಲ್ಲಿ ಇದಕ್ಕೇನನ್ನೋಣ? 'ದೊಡ್ಡಸ್ತಿಕೆ' ಎಂದರೆ ಬರೀ ತನ್ನನ್ನು ಮೆರೆಸಿಕೊಳ್ಳುವುದು. ಹತ್ತಿರದ ಪದ 'ದೊಡ್ಡಣ್ಣ'. ಕೂಡುಕುಟುಂಬದಲ್ಲಿ ಅಪ್ಪನ ನಂತರ ಯಜಮಾನಿಕೆ ಅವನದು. ನಮ್ಮ ಪತ್ರಿಕೆಗಳು ಅಮೆರಿಕವನ್ನು 'ದೊಡ್ಡಣ್ಣ' ಎನ್ನುವಾಗ ಗೌರವಕ್ಕಿಂತ ಕೊಂಕೇ ಹೆಚ್ಚು. ಇಂಗ್ಲಿಷಿನ 'ಪೇಟ್ರನೈಸ್' ಪದದ ಬೇರಿನಲ್ಲೂ ಲ್ಯಾಟಿನ್ ಭಾಷೆಯ ಅಪ್ಪನೇ ಇದ್ದಾನೆ.

ನನಗನ್ನಿಸುವುದಿಷ್ಟು. ಮೇಲಿನವರು ಉಪಕಾರದ ಹೆಸರಲ್ಲಿ ಅಧಿಕಾರ ನಡೆಸುತ್ತಾರೆ. ಕೆಳಗಿನವರು ಅಪ್ಪ, ಅಣ್ಣ ಎಂದು ಕರೆದು ಆ ಅಧಿಕಾರಕ್ಕೆ ಹೊಣೆಯನ್ನೂ ಗಂಟು ಹಾಕುತ್ತಾರೆ. ಹೊಣೆ ಹೊರದಿದ್ದರೆ ಅದೇ ಹೆಸರು ಬೈಗುಳವಾಗುತ್ತದೆ.

ನಿಮ್ಮ ಕಡೆ ಇಂಥವರನ್ನು ಏನಂತ ಕರೀತಾರೆ?