ಎಡಕಲ್ಲಿನ ಗವಿ ಮತ್ತು ಗಡಿನಾಡ ಕನ್ನಡಿಗರ ಹೊಣೆ

ಎಡಕಲ್ಲು ಎಂಬ ಹೆಸರು ಕಿವಿಗೆ ಬಿದ್ದೊಡನೆ ನಮ್ಮ ತಲೆಮಾರಿನ ಕನ್ನಡಿಗರಿಗೆ ಭಾರತೀಸುತರ ಕಾದಂಬರಿಯೂ ಅದನ್ನು ಆಧರಿಸಿ ಪುಟ್ಟಣ್ಣ ಕಣಗಾಲರು 1973ರಲ್ಲಿ ತೆರೆಗೆ ತಂದ ಚಲನಚಿತ್ರವೂ ನೆನಪಾಗುತ್ತವೆ. ಆ ಗುಡ್ಡ ಕಲ್ಪನೆಯದಲ್ಲ. ವಯನಾಡಿನ ಸುಲ್ತಾನ್ ಬತ್ತೇರಿಗೆ ಅನತಿದೂರದಲ್ಲಿ, ಅಂಬಲವಯಲಿನ ಸಮೀಪದಲ್ಲಿ, ಅಂಬುಕುತ್ತಿ ಮಲೆ ಎಂಬ ಹೆಸರಿನಿಂದ ಅದು ಇಂದಿಗೂ ನಿಂತಿದೆ. ಕಥೆಗಿಂತ ಹಳೆಯದಾದ, ಲಿಪಿಗಿಂತಲೂ ಹಳೆಯದಾದ ಒಂದು ಸಂಪತ್ತು ಅದರ ಒಡಲಿನಲ್ಲಿದೆ. ಅದನ್ನು ಎರಡು ಬಾರಿ ಕಂಡು ಬಂದ ನಾವು, ನೋಡಿದ್ದನ್ನೂ ಮಾಡಿದ ತಪ್ಪನ್ನೂ ಈ ಸಂಚಿಕೆಯ ಮೂಲಕ ಸಮ್ಮೇಳನದ ಬಂಧುಗಳಲ್ಲಿ ನಿವೇದಿಸಿಕೊಳ್ಳಬಯಸುತ್ತೇವೆ.

ಮಲೆಯ ಎತ್ತರ ಸಮುದ್ರಮಟ್ಟದಿಂದ ಸುಮಾರು 1,200 ಮೀಟರ್. ಅದನ್ನೇರಿದರೆ ಸಿಗುವುದು ನಿಜಾರ್ಥದಲ್ಲಿ ಗವಿಯಲ್ಲ. ಹೆಬ್ಬಂಡೆಯೊಂದು ಬಿರಿದು ಎರಡಾಗಿ, ಆ ಬಿರುಕಿನ ನೆತ್ತಿಯ ಮೇಲೆ ಇನ್ನೊಂದು ಬೃಹತ್ ಬಂಡೆ ಉರುಳಿ ಬಂದು ಸಿಕ್ಕಿಕೊಂಡಿದೆ. ಹೀಗೆ ಸುಮಾರು 96 ಅಡಿ ಉದ್ದ, 22 ಅಡಿ ಅಗಲದ ಕಲ್ಲಿನ ಕೋಣೆಯೊಂದು ತಾನಾಗಿಯೇ ನಿರ್ಮಾಣವಾಗಿದೆ. ನಡುವೆ ಸಿಕ್ಕಿಕೊಂಡ ಕಲ್ಲಾದುದರಿಂದ ಮಲಯಾಳದಲ್ಲಿ ಅದು ‘ಎಡಕ್ಕಲ್’. ನಮ್ಮ ‘ಎಡೆ’ ಎಂಬ ಶಬ್ದಕ್ಕೂ ನಡುವಣ ತೆರಪು ಎಂಬ ಅರ್ಥವಿದೆ. ಲವಕುಶರ ಬಾಣ ತಾಗಿ ಬಂಡೆ ಸೀಳಿತೆಂದು ಸ್ಥಳೀಯರ ಐತಿಹ್ಯ. ‘ಅಂಬು’ ಎಂದರೆ ಬಾಣ, ‘ಕುತ್ತು’ ಎಂದರೆ ಚುಚ್ಚು ಎಂಬುದನ್ನು ಕನ್ನಡಿಗನಿಗೆ ಬಿಡಿಸಿ ಹೇಳಬೇಕಾಗಿಲ್ಲ.

ಹತ್ತೊಂಬತ್ತನೆಯ ಶತಮಾನದ ಕೊನೆಯ ದಶಕದಲ್ಲಿ ಮಲಬಾರಿನ ಪೊಲೀಸ್ ಅಧಿಕಾರಿಯಾಗಿದ್ದ ಎಫ್. ಫಾಸೆಟ್ ಎಂಬವರು ಈ ಗವಿಯನ್ನು ಹೊರಜಗತ್ತಿಗೆ ಪರಿಚಯಿಸಿದರು. 1901ರಲ್ಲಿ ‘ಇಂಡಿಯನ್ ಆಂಟಿಕ್ವೆರಿ’ ಪತ್ರಿಕೆಯಲ್ಲಿ ಅವರ ಲೇಖನ ಪ್ರಕಟವಾಯಿತು. ಗೋಡೆಯ ಚಿತ್ರಗಳು ಬಣ್ಣದಿಂದ ಬಿಡಿಸಿದವಲ್ಲ, ಬಂಡೆಯನ್ನು ಉಜ್ಜಿ ಕೊರೆದ ಆಳವಾದ ಗೆರೆಗಳು. ತಲೆಯ ಮೇಲೆ ಎತ್ತರದ ಶಿರೋಭೂಷಣ ಧರಿಸಿದ ಮನುಷ್ಯಾಕೃತಿಗಳು, ಪ್ರಾಣಿಗಳು, ಚಕ್ರಗಳು, ಚೌಕಗಳು, ಒಂದರೊಳಗೊಂದು ಹೆಣೆದುಕೊಂಡ ಚಿಹ್ನೆಗಳು ಅಲ್ಲಿವೆ. ಬಣ್ಣವಾಗಿದ್ದರೆ ಅದರೊಳಗಿನ ಸಸ್ಯಾಂಶದಿಂದ ಕಾಲವನ್ನು ಅಳೆಯುವ ಉಪಾಯವಾದರೂ ಇರುತ್ತಿತ್ತು. ಕೊರೆದ ಗೆರೆಗೆ ಆ ಅನುಕೂಲವಿಲ್ಲ. ಆದುದರಿಂದ ವಿದ್ವಾಂಸರು ಕೆತ್ತನೆಯ ಶೈಲಿಯನ್ನೂ ಪರಿಸರದಲ್ಲಿ ದೊರೆತ ಕಲ್ಲಿನ ಆಯುಧಗಳನ್ನೂ ಆಧಾರವಾಗಿಟ್ಟುಕೊಂಡು ಇವುಗಳಲ್ಲಿ ಹಲವನ್ನು ನವಶಿಲಾಯುಗಕ್ಕೆ ಸೇರಿಸುತ್ತಾರೆ.

ಆ ಚಿತ್ರಗಳ ನಡುವೆ ಬಹಳ ಕಾಲದ ಅನಂತರ ಬಂದವರ ಬರಹಗಳೂ ಇವೆ. ಮದರಾಸು ಸರಕಾರದ ಶಾಸನತಜ್ಞರಾಗಿದ್ದ ಹುಲ್ಟ್ಜ್ ಅವರು ಅಲ್ಲಿ ಒಂದು ಸಂಸ್ಕೃತ ಬರಹವನ್ನು ಓದಿ, ವಿಷ್ಣುವರ್ಮನೆಂಬವನ ಹೆಸರನ್ನು ಗುರುತಿಸಿದರು. ಐರಾವತಂ ಮಹಾದೇವನ್ ಅವರು ತಮಿಳು ಬ್ರಾಹ್ಮಿಯ ಬರಹಗಳನ್ನು ಅಭ್ಯಾಸ ಮಾಡಿದರು. ವಿಷ್ಣುವರ್ಮನೆಂದರೆ ನಮ್ಮವರಿಗೆ ಕದಂಬರು ನೆನಪಾಗುತ್ತಾರೆ, ‘ಚೇರ’ ಎಂಬ ಓದು ಮಲಯಾಳಿಗಳಿಗೂ ತಮಿಳರಿಗೂ ಪ್ರಿಯವಾಗುತ್ತದೆ. ಹೀಗಾಗಿ ಈ ಗೋಡೆ ‘ಯಾರದು’ ಎಂಬ ಪ್ರಶ್ನೆ ಆಗಾಗ ಏಳುತ್ತಲೇ ಬಂದಿದೆ.

ನಾವು ಮೊದಲ ಬಾರಿ ಅಲ್ಲಿಗೆ ಹೋದದ್ದು 1981ರಲ್ಲಿ. ಕಾಸರಗೋಡು ಸೀಮೆಯ ಕನ್ನಡ ಮಾಧ್ಯಮದ ಪ್ರೌಢಶಾಲೆಯಲ್ಲಿ ಆಗ ನಾವು ಸಹಾಯಕ ಅಧ್ಯಾಪಕರು. ಮೂವತ್ತಕ್ಕೂ ಮಿಕ್ಕಿದ ಮಕ್ಕಳೊಂದಿಗೆ ಪ್ರವಾಸ ಹೊರಟಿದ್ದೆವು. ಮಲೆಯಲ್ಲಿ ಇಂದಿನಂತೆ ಕಾವಲಾಗಲಿ ಬೇಲಿಯಾಗಲಿ ಕಾಣಲಿಲ್ಲ. ನಾವು ಚಿತ್ರಗಳನ್ನು ವಿವರಿಸುತ್ತಿರುವಾಗಲೇ ಒಂಬತ್ತನೆಯ ತರಗತಿಯ ಹುಡುಗನೊಬ್ಬ ಕೈವಾರದ ಮೊನೆಯಿಂದ ಗೋಡೆಯ ಕೆಳಭಾಗದಲ್ಲಿ ಶಾಲೆಯ ಹೆಸರನ್ನು ದುಂಡಾದ ಕನ್ನಡ ಅಕ್ಷರಗಳಲ್ಲಿ ಗೀರಿದ. ಸುತ್ತಲೂ ಅದಾಗಲೇ ಬೇರೆ ಬೇರೆ ಭಾಷೆಗಳ ಹೆಸರುಗಳಿದ್ದುವು. ನಾವು ಅವನನ್ನು ಗದರಿಸಲಿಲ್ಲ. ಗದರಿಸದಿದ್ದುದು ಮಾತ್ರವಲ್ಲ, “ಭೇಷ್, ಕನ್ನಡವೂ ಒಂದು ಇರಲಿ” ಎಂದು ಬೆನ್ನು ತಟ್ಟಿದೆವು. ಶಾಲೆಯಲ್ಲಿ ಕನ್ನಡದ ಒಂದು ತರಗತಿಯನ್ನು ಉಳಿಸಿಕೊಳ್ಳಲು ಅರ್ಜಿ ಬರೆದು ಬರೆದು ಬೇಸತ್ತಿದ್ದ ಕಾಲವದು. ಎಲ್ಲಾದರೂ ಕನ್ನಡ ಅಕ್ಷರ ಕಂಡರೆ ಸಾಕೆಂಬ ಆತುರ ನಮ್ಮ ಕಣ್ಣನ್ನು ಕಟ್ಟಿತ್ತು.

ಮಾಡಿದ್ದೇನೆಂಬುದು ತಿಳಿದದ್ದು ಎಷ್ಟೋ ವರ್ಷಗಳ ಅನಂತರ, ಶಾಸನಗಳ ಕುರಿತು ಓದತೊಡಗಿದಾಗ. ತಾಳೆಗರಿ ಹರಿದರೆ ಇನ್ನೊಂದು ಪ್ರತಿ ಎಲ್ಲಿಯಾದರೂ ಸಿಕ್ಕೀತು. ಬಂಡೆಯ ಚಿತ್ರಕ್ಕೆ ಎರಡನೆಯ ಪ್ರತಿಯಿಲ್ಲ. ಅದರ ಮೇಲೆ ಬಿದ್ದ ಹೊಸ ಗೀರು ಹಳೆಯ ಗೆರೆಯನ್ನು ಕೆಡಿಸುವುದಲ್ಲದೆ, ಯಾವುದು ಹಳೆಯದು, ಯಾವುದು ಹೊಸದು ಎಂದು ಮುಂದಿನವರು ಗುರುತಿಸಲಾಗದಂತೆಯೂ ಮಾಡುತ್ತದೆ. ಅಂದು ನಮ್ಮ ಹುಡುಗನ ಕೈ ಯಾವ ಗೆರೆಯ ಮೇಲೆ ಓಡಿತ್ತೆಂಬುದನ್ನು ನಾವು ನೋಡಿಯೇ ಇರಲಿಲ್ಲ.

ವಯನಾಡಿನಲ್ಲಿ ಕನ್ನಡದ ಬೇರನ್ನು ತೋರಿಸಲು ಆ ಗೀರು ಬೇಕೂ ಇರಲಿಲ್ಲ. ಕನ್ನಡ ಶಾಸನಗಳು ಈ ಸೀಮೆಯನ್ನು ಬಯಲ್ನಾಡು ಎಂದು ಕರೆದಿವೆ. ಹೊಯ್ಸಳ ವಿಷ್ಣುವರ್ಧನನ ದಂಡನಾಯಕ ಪುಣಿಸಮಯ್ಯನ ಚಾಮರಾಜನಗರದ 1117ರ ಶಾಸನ ನೀಲಗಿರಿಯ ತೋದರನ್ನು ಹೆಸರಿಸುತ್ತದೆ. ಸುಲ್ತಾನ್ ಬತ್ತೇರಿಯ ಹಳೆಯ ಹೆಸರುಗಳಲ್ಲಿ ‘ಹನ್ನೆರಡು ಬೀದಿ’ ಎಂಬುದೊಂದು. ಟಿಪ್ಪುವಿನ ಕಾಲದಲ್ಲಿ ಮದ್ದುಗುಂಡುಗಳ ಉಗ್ರಾಣವಾಗಿ ಊರಿಗೆ ಇಂದಿನ ಹೆಸರನ್ನು ತಂದುಕೊಟ್ಟ ಕಟ್ಟಡವು ವಿಜಯನಗರ ಶೈಲಿಯ ಜೈನ ಬಸದಿ. ಪನಮರದ ಬಳಿ ವಿಷ್ಣುಗುಡಿ, ಜನಾರ್ದನಗುಡಿ ಎಂಬ ಎರಡು ಹಳೆಯ ಕಲ್ಲುಗುಡಿಗಳಿವೆ. ಇಷ್ಟೆಲ್ಲ ಇರುವಾಗ ನವಶಿಲಾಯುಗದ ಗೋಡೆಯಲ್ಲಿ ಕನ್ನಡವನ್ನು ಹುಡುಕುವುದೇಕೆ? ಆ ಗೆರೆಗಳನ್ನು ಕೊರೆದವರ ಕಾಲಕ್ಕೆ ಕನ್ನಡವಾಗಲಿ ಮಲಯಾಳವಾಗಲಿ ಇಂದಿನ ರೂಪದಲ್ಲಿ ಹುಟ್ಟಿಯೇ ಇರಲಿಲ್ಲ. ನಮ್ಮ ಹಲ್ಮಿಡಿ ಶಾಸನವೇ ಕ್ರಿ.ಶ. 450ರ ಸುಮಾರಿನದು. ಎಡಕಲ್ಲು ನಮ್ಮೆಲ್ಲರ ಭಾಷೆಗಳ ಹಿರಿಯಜ್ಜನ ಮನೆಯಿದ್ದಂತೆ. ಅದನ್ನು ಪಾಲು ಹಾಕಿಕೊಳ್ಳಲು ಹೊರಟರೆ ಮೊದಲು ಕೆಡುವುದು ಗೋಡೆಯೇ.

ಮುಖ್ಯೋಪಾಧ್ಯಾಯರಾಗಿ ನಿವೃತ್ತರಾದ ಬಳಿಕ ಮೈಸೂರಿನಿಂದ ಗುಂಡ್ಲುಪೇಟೆಯ ಮಾರ್ಗವಾಗಿ ಮತ್ತೊಮ್ಮೆ ಅಲ್ಲಿಗೆ ಹೋದೆವು. ಬಂಡೀಪುರ ರಾಷ್ಟ್ರೀಯ ಉದ್ಯಾನ ಮುಗಿದೊಡನೆ ಮುತ್ತಂಗದ ವನ್ಯಧಾಮ ತೊಡಗುತ್ತದೆ. ಫಲಕದ ಲಿಪಿ ಬದಲಾಗುತ್ತದೆಯೇ ಹೊರತು ಕಾಡು ಬದಲಾಗುವುದಿಲ್ಲ. ಆನೆಗಳು ಎರಡೂ ಕಡೆ ಓಡಾಡುತ್ತವೆ. ಅವುಗಳಿಗಾಗಿ ಹೆದ್ದಾರಿಯಲ್ಲಿ ರಾತ್ರಿ ಸಂಚಾರವನ್ನೇ ನಿಲ್ಲಿಸಿದ್ದಾರೆ. ಆದರೆ ಅಂಬುಕುತ್ತಿ ಮಲೆ ಆ ಕಾಡಿನ ಗೆರೆಯಿಂದ ಹೊರಗಿದೆ. ಸುತ್ತಲೂ ತೋಟಗಳು, ಮನೆಗಳು. ಪರಿಸರದಲ್ಲಿ ಕಲ್ಲು ಒಡೆಯುವ ಕೋರೆಗಳ ಆತಂಕವೂ ಇತ್ತು. ಆನೆಗೆ ದೊರೆತ ರಕ್ಷಣೆ ಕಲ್ಲಿಗೂ ದೊರೆಯಬೇಡವೇ ಎಂದು ಮೆಟ್ಟಿಲೇರುವಾಗ ಅನಿಸಿತು.

ಈಗ ಅಲ್ಲಿ ರಾಜ್ಯ ಪುರಾತತ್ವ ಇಲಾಖೆಯ ಕಾವಲಿದೆ, ಚೀಟಿಯಿದೆ, ಗೋಡೆಯನ್ನು ಮುಟ್ಟದಂತೆ ತಡೆಯಿದೆ. ಬಂಡೆಯ ಸಂದಿನಿಂದ ಇಳಿದ ಬೆಳಕಿನಲ್ಲಿ ಆ ಶಿರೋಭೂಷಣದ ಮನುಷ್ಯ ಹಿಂದಿನಂತೆಯೇ ನಿಂತಿದ್ದ. ನಮ್ಮ ಕಣ್ಣು ಮಾತ್ರ ಕೆಳಭಾಗದ ಗೀರುಗಳಲ್ಲಿ ಹುಡುಕಾಡುತ್ತಿತ್ತು. ಹೆಸರುಗಳ ಗೋಜಲಿನಲ್ಲಿ ಎರಡು ಕನ್ನಡ ಅಕ್ಷರಗಳು ಕಂಡುವು. ನಮ್ಮ ಹುಡುಗನದೋ ಇನ್ನಾರದೋ ಹೇಳಲಾರೆವು. ಪಕ್ಕದಲ್ಲಿ ನಿಂತಿದ್ದ ಕಾವಲುಗಾರ ಮಲಯಾಳದಲ್ಲಿ, “ಏನು ಹುಡುಕುತ್ತಿದ್ದೀರಿ ಮಾಷೇ?” ಎಂದು ಕೇಳಿದ. ಅವನಿಗೆ ಉತ್ತರ ಕೊಡುವ ಧೈರ್ಯ ನಮಗಾಗಲಿಲ್ಲ. ಆ ಉತ್ತರವನ್ನೇ ಇಲ್ಲಿ ಬರೆದಿದ್ದೇವೆ.

ಗಡಿನಾಡಿನ ಸಂಘಗಳಲ್ಲಿ ನಮ್ಮದೊಂದು ಬಿನ್ನಹ. ದೂರದ ವಯನಾಡಿಗೇ ಹೋಗಬೇಕೆಂದಿಲ್ಲ. ನಮ್ಮ ಕಾಸರಗೋಡು ಜಿಲ್ಲೆಯ ಎರಿಕುಳದಲ್ಲಿ ಮುರಕಲ್ಲಿನ ಪಾರೆಯ ಮೇಲೂ ಪುರಾತನ ಕೆತ್ತನೆಗಳಿವೆ. ಮುರಕಲ್ಲು ಕರಿಗಲ್ಲಿನಷ್ಟು ಗಟ್ಟಿಯಲ್ಲ. ಮಳೆಗೂ ಬೂಟಿನ ತುಳಿತಕ್ಕೂ ಬೇಗ ಸವೆಯುತ್ತದೆ. ಪ್ರತಿಯೊಂದು ಕನ್ನಡ ಶಾಲೆಯೂ ತನ್ನ ಸುತ್ತಲಿನ ಒಂದು ಶಾಸನ, ಒಂದು ವೀರಗಲ್ಲು ಅಥವಾ ಒಂದು ಕೆತ್ತನೆಯನ್ನು ಆರಿಸಿಕೊಂಡು, ವರ್ಷಕ್ಕೊಮ್ಮೆ ಮಕ್ಕಳೊಂದಿಗೆ ಹೋಗಿ, ಕೈಯಿಂದ ಮುಟ್ಟದೆ ಛಾಯಾಚಿತ್ರ ತೆಗೆದು, ಅಳತೆ ಬರೆದು, ಹಿಂದಿನ ವರ್ಷದ ಚಿತ್ರದೊಂದಿಗೆ ಹೋಲಿಸಿ ನೋಡಲಿ. ಹೊಸ ಬಿರುಕೋ ಗೀರೋ ಕಂಡರೆ ಪುರಾತತ್ವ ಇಲಾಖೆಗೆ ಕಾಗದ ಬರೆಯಲಿ. ಕಾಗದ ಕನ್ನಡದಲ್ಲಿರಲಿ, ಮಲಯಾಳದಲ್ಲಿರಲಿ, ಆ ಕಲ್ಲಿಗೆ ಎರಡೂ ಒಂದೇ. ಮಕ್ಕಳ ಹೆಸರು ಬರೆಯಬೇಕಾದುದು ಆ ವಹಿಯಲ್ಲಿ. 1981ರಲ್ಲಿ ಇಂಥದೊಂದು ವಹಿ ನಮ್ಮ ಕೈಯಲ್ಲಿದ್ದಿದ್ದರೆ ಆ ಹುಡುಗನ ಕೈವಾರ ಅದರ ಹಾಳೆಯ ಮೇಲೆ ವೃತ್ತ ಎಳೆಯುತ್ತಿತ್ತು.